ಉಗುರು ಯಾಕೆ ಸಿಪ್ಪೆ ಏಳುತ್ತೆ?



ಇವತ್ತು ಉಗುರಿನ ವಿಚಾರ ಮಾತಾಡೋಣ. ಉಗುರಿಗೂ ಒಂದು ಪಾಠವಾ ಅಂತ ಕೆಲವರು ನಗಬಹುದು. ನಗಲಿ. ನಾವು ಕಲಿಕಾ ಕೇಂದ್ರದಲ್ಲಿ ದಿನಾ ನಿಮ್ಮ ಕೈಗಳನ್ನು ನೋಡುತ್ತೇವೆ. ಬಳಪ ಹಿಡಿದ ಕೈ, ಪೆನ್ಸಿಲ್ ಹಿಡಿದ ಕೈ. ಎಷ್ಟೋ ಜನರ ಉಗುರಿನ ತುದಿ ಈರುಳ್ಳಿ ಸಿಪ್ಪೆಯ ಹಾಗೆ ಪದರ ಪದರವಾಗಿ ಎದ್ದಿರುತ್ತೆ. ಸೀರೆಗೆ ಸಿಕ್ಕಿಕೊಳ್ಳುತ್ತೆ. ತಲೆ ಬಾಚುವಾಗ ಕೂದಲಿಗೆ ಸಿಕ್ಕಿ ಕಿತ್ತು ಬರುತ್ತೆ. ಕೇಳಿದರೆ, "ಬಿಡಿ ಟೀಚರೇ, ಕೆಲಸ ಮಾಡೋ ಕೈ ಹೀಗೇ ಇರೋದು" ಅಂತೀರಿ.

ಆ ಮಾತು ಅರ್ಧ ನಿಜ. ಕೆಲಸದಿಂದಲೇ ಉಗುರು ಹಾಳಾಗುವುದು ಹೆಚ್ಚು. ಆದರೆ ಕೆಲವರಿಗೆ ಹಾಗಲ್ಲ. ಮೈಯಲ್ಲಿ ರಕ್ತ ಕಡಿಮೆಯಾಗಿ ಉಗುರು ಹಾಳಾಗಿರುತ್ತೆ. ಈ ಎರಡರಲ್ಲಿ ನಿಮ್ಮದು ಯಾವುದು ಅಂತ ತಿಳಿಯಬೇಕು.

ಮೊದಲು ಉಗುರು ಅಂದರೆ ಏನು ನೋಡೋಣ. ಕೂದಲು ಯಾವುದರಿಂದ ಆಗಿದೆಯೋ ಉಗುರೂ ಅದರಿಂದಲೇ ಆಗಿದೆ. ಅದಕ್ಕೆ ಕೆರಾಟಿನ್ ಅಂತಾರೆ. ಅದು ಒಂದು ಬಗೆಯ ಪ್ರೋಟೀನು. ತೆಳ್ಳಗಿನ ಪದರಗಳು ಒಂದರ ಮೇಲೆ ಒಂದು ಅಂಟಿಕೊಂಡು ಉಗುರಾಗುತ್ತೆ. ನಾವು ಕತ್ತರಿಸುವ ಉಗುರಿಗೆ ಜೀವ ಇಲ್ಲ. ಅದಕ್ಕೇ ಕತ್ತರಿಸಿದರೆ ನೋಯುವುದಿಲ್ಲ. ಜೀವ ಇರುವುದು ಬುಡದಲ್ಲಿ, ಚರ್ಮದ ಒಳಗೆ. ಅಲ್ಲಿ ಹುಟ್ಟಿ ನಿಧಾನವಾಗಿ ಮುಂದಕ್ಕೆ ಬರುತ್ತೆ. ಕೈ ಉಗುರು ತಿಂಗಳಿಗೆ ಸುಮಾರು 3 ಮಿಲಿಮೀಟರ್ ಬೆಳೆಯುತ್ತೆ. ಬುಡದಿಂದ ತುದಿಗೆ ಬರಲು ಸುಮಾರು 6 ತಿಂಗಳು ಬೇಕು. ಕಾಲಿನ ಉಗುರಿಗೆ ಒಂದು ವರ್ಷ, ಒಂದೂವರೆ ವರ್ಷ ಬೇಕು.

ಈಗ ಹಾಳಾಗುವ ಬಗೆ. ಇದಕ್ಕೆ ಮುಖ್ಯ ಕಾರಣ ನೀರು. ನೀರಾ ಅಂತ ಆಶ್ಚರ್ಯ ಆಗಬಹುದು. ಉಗುರು ನೀರು ಕುಡಿಯುತ್ತೆ. ಕುಡಿದಾಗ ಉಬ್ಬುತ್ತೆ, ಮೆತ್ತಗಾಗುತ್ತೆ. ಒಣಗಿದಾಗ ಕುಗ್ಗುತ್ತೆ. ಒಂದು ಸಲ ಆದರೆ ಏನೂ ಆಗಲ್ಲ. ಆದರೆ ನಿಮ್ಮ ದಿನ ನೆನಪು ಮಾಡಿಕೊಳ್ಳಿ. ಬೆಳಿಗ್ಗೆ ಎದ್ದು ಬಾಗಿಲಿಗೆ ನೀರು. ಆಮೇಲೆ ಕೊಟ್ಟಿಗೆ, ಸಗಣಿ. ಆಮೇಲೆ ಪಾತ್ರೆ. ಮಗು ತೊಳೆಯುವುದು. ಅಡಿಗೆ. ಬಟ್ಟೆ. ಮತ್ತೆ ಪಾತ್ರೆ. ಹತ್ತು ಸಲ, ಹದಿನೈದು ಸಲ ಕೈ ನೆನೆಯುತ್ತೆ, ಅಷ್ಟೇ ಸಲ ಒಣಗುತ್ತೆ. ಉಬ್ಬಿ ಕುಗ್ಗಿ, ಉಬ್ಬಿ ಕುಗ್ಗಿ ಪದರಗಳ ನಡುವಿನ ಅಂಟು ಬಿಡುತ್ತೆ. ಮಳೆ ಬಿಸಿಲಿಗೆ ಸಿಕ್ಕಿದ ಹಲಗೆ ಸೀಳಿ ಬರುವುದಿಲ್ಲವೇ? ಹಾಗೇ.

ನೀರಿನ ಜೊತೆ ಸೋಪು ಸೇರಿದರೆ ಇನ್ನೂ ಬೇಗ. ಪಾತ್ರೆಯ ಜಿಡ್ಡು ತೆಗೆಯುವ ಸೋಪು ಕೈಯ ಜಿಡ್ಡನ್ನೂ ತೆಗೆಯುತ್ತೆ. ಅದಕ್ಕೆ ಪಾತ್ರೆಯ ಜಿಡ್ಡು ಯಾವುದು, ಕೈಯ ಜಿಡ್ಡು ಯಾವುದು ಅಂತ ಗೊತ್ತಾಗಲ್ಲ. ಬಟ್ಟೆ ಸೋಡಾ, ಸೋಪಿನ ಪುಡಿ, ಬ್ಲೀಚಿಂಗ್ ಪುಡಿ, ಗೋಡೆಗೆ ಹೊಡೆಯುವ ಸುಣ್ಣ, ಸಿಮೆಂಟು ಎಲ್ಲವೂ ಹೀಗೇ ಕೈ ತಿನ್ನುತ್ತವೆ. "ಹಿಂದೆ ಬೂದಿಯಲ್ಲಿ ತಿಕ್ಕುತ್ತಿದ್ದೆವು, ಆಗ ಚೆನ್ನಾಗಿತ್ತು" ಅಂತ ಅಜ್ಜಿಯರು ಹೇಳುತ್ತಾರೆ. ಬೂದಿಯಲ್ಲೂ ಕ್ಷಾರ ಇದೆ. ಅದೂ ಕೈ ಒಣಗಿಸುತ್ತೆ.

ನಮ್ಮ ಶಿಡ್ಲಘಟ್ಟದ ಕಡೆ, ಅತ್ತ ರಾಮನಗರದ ಕಡೆ, ರೇಷ್ಮೆ ನೂಲು ಬಿಚ್ಚುವ ಹೆಂಗಸರ ಕಷ್ಟ ಬೇರೆಯೇ. ಗೂಡು ಬಿಸಿನೀರಿನಲ್ಲಿ ಬೇಯಬೇಕು. ಆ ನೀರಿಗೆ ಬೆರಳು ಹಾಕಿ ಎಳೆ ಹುಡುಕಬೇಕು. ಬೆಳಿಗ್ಗೆಯಿಂದ ಸಂಜೆವರೆಗೆ ಕೈ ನೀರಿನಲ್ಲೇ. ಗೂಡಿನ ಅಂಟು ಬೇರೆ. ಬೆರಳು ಬೆಳ್ಳಗೆ ಸುಕ್ಕಾಗಿ, ಉಗುರಿನ ಪಕ್ಕ ಚರ್ಮ ಒಡೆದು ಉರಿಯುತ್ತೆ. ಕೈಚೀಲ ಹಾಕಿಕೊಳ್ಳಿ ಅಂತ ಹೇಳುವುದು ಸುಲಭ. ಕೂದಲಿಗಿಂತ ಸಣ್ಣ ಎಳೆ ಬರಿ ಬೆರಳಿಗೇ ಸರಿಯಾಗಿ ಸಿಗುವುದು ಕಷ್ಟ. ಇದು ನಿಮಗೆ ನಮಗಿಂತ ಚೆನ್ನಾಗಿ ಗೊತ್ತು. ಆದ್ದರಿಂದ ಆ ಕೆಲಸದವರಿಗೆ ನಾವು ಬೇರೆ ಉಪಾಯ ಹೇಳುತ್ತೇವೆ, ಮುಂದೆ ಬರುತ್ತೆ.

ಇನ್ನೊಂದು ಕಾರಣ, ಉಗುರನ್ನು ಆಯುಧ ಮಾಡಿಕೊಳ್ಳುವುದು. ಸೊಗಡವರೆ ಕಾಲದಲ್ಲಿ ಕಾಳು ಹಿತುಕುತ್ತೇವೆ, ಸೇರುಗಟ್ಟಲೆ. ಹುಣಸೆಹಣ್ಣಿನ ಬೀಜ ತೆಗೆಯುತ್ತೇವೆ. ಬೆಳ್ಳುಳ್ಳಿ ಸುಲಿಯುತ್ತೇವೆ. ತಳ ಹಿಡಿದ ಮುದ್ದೆ ಪಾತ್ರೆ ಕೆರೆಯುತ್ತೇವೆ. ಡಬ್ಬದ ಮುಚ್ಚಳ ಎಬ್ಬುತ್ತೇವೆ. ಎಲ್ಲಕ್ಕೂ ಉಗುರೇ. ಡಬ್ಬಕ್ಕೆ ಚಮಚದ ಹಿಡಿ ಸಾಕು. ಪಾತ್ರೆಗೆ ತೆಂಗಿನ ಚಿಪ್ಪಿನ ಚೂರು ಸಾಕು. ಅವರೆಕಾಳಿಗೆ ಮಾತ್ರ ಬೆರಳೇ ಬೇಕು, ಅದನ್ನು ಬಿಡಿ ಅಂತ ನಾವು ಹೇಳಲ್ಲ!

ಉಗುರು ಬಣ್ಣ ಹಚ್ಚುವುದರಿಂದ ಹೀಗಾಯಿತು ಅಂತ ಅತ್ತೆಯರು ಸೊಸೆಯರನ್ನು ಬೈಯುತ್ತಾರೆ. ಹಬ್ಬಕ್ಕೆ ಒಮ್ಮೆ ಹಚ್ಚಿದರೆ ಏನೂ ಆಗಲ್ಲ. ಅದನ್ನು ತೆಗೆಯುವ ಔಷಧಿ ಇದೆಯಲ್ಲ, ಅದು ಉಗುರನ್ನು ಒಣಗಿಸುತ್ತೆ. ಅರ್ಧ ಎದ್ದ ಬಣ್ಣವನ್ನು ಕೆರೆದು ಕಿತ್ತರೆ ಉಗುರಿನ ಪದರವೂ ಜೊತೆಗೆ ಬರುತ್ತೆ. ಇನ್ನು ಅರೆದ ಗೋರಂಟಿ ಸೊಪ್ಪು, ಅದರಿಂದ ತೊಂದರೆ ಕಡಿಮೆ. ಬೇಗ ಕಪ್ಪಾಗುತ್ತೆ ಅಂತ ಮಾರುವ ಕಪ್ಪು ಮೆಹಂದಿಯಲ್ಲಿ ರಾಸಾಯನಿಕ ಇರುತ್ತೆ. ಅದರಿಂದ ಕೆಲವರಿಗೆ ಬೊಬ್ಬೆ ಬರುತ್ತೆ. ಅದು ಬೇಡ.

ಸರಿ, ನಿಮ್ಮ ಉಗುರು ನೀರಿನಿಂದ ಹಾಳಾಯಿತೋ, ಮೈಯೊಳಗಿನ ಕಾರಣದಿಂದ ಹಾಳಾಯಿತೋ? ಇದಕ್ಕೆ ಒಂದು ಸುಲಭ ಗುರುತು ಇದೆ. ನಿಮ್ಮ ಕಾಲಿನ ಉಗುರು ನೋಡಿಕೊಳ್ಳಿ. ಈಗಲೇ ನೋಡಿ, ನಾಚಿಕೆ ಏನಿಲ್ಲ. ಕೈ ಉಗುರು ಸಿಪ್ಪೆ ಎದ್ದಿದೆ, ಕಾಲಿನ ಉಗುರು ಗಟ್ಟಿಯಾಗಿದೆ. ಆಗ ಕಾರಣ ಹೊರಗಿನದು, ಅಂದರೆ ನೀರು, ಸೋಪು, ಕೆಲಸ. ಕೈದೂ ಕಾಲಿನದೂ ಎರಡೂ ತೆಳ್ಳಗಾಗಿ ಮುರಿಯುತ್ತಿದ್ದರೆ ಕಾರಣ ಒಳಗೆ ಇರಬಹುದು. ಆಗ ಡಾಕ್ಟರಿಗೆ ತೋರಿಸಬೇಕು.

ಒಳಗಿನ ಕಾರಣಗಳಲ್ಲಿ ನಮ್ಮ ಹೆಂಗಸರಿಗೆ ಮೊದಲನೆಯದು ರಕ್ತಹೀನತೆ. ರಕ್ತಕ್ಕೆ ಕಬ್ಬಿಣದ ಅಂಶ ಬೇಕು. ಅದು ಕಡಿಮೆಯಾದರೆ ಉಗುರು ಬಿಳಿಚಿಕೊಳ್ಳುತ್ತೆ, ತೆಳ್ಳಗಾಗುತ್ತೆ, ಮುರಿಯುತ್ತೆ. ಬಹಳ ಕಡಿಮೆಯಾಗಿ ಬಹಳ ದಿನ ಆದರೆ ಉಗುರಿನ ನಡುವೆ ತಗ್ಗಾಗಿ ಚಮಚದ ಹಾಗೆ ಆಗುತ್ತೆ. ಉಗುರಿನ ಮೇಲೆ ಒಂದು ಹನಿ ನೀರು ಬಿಡಿ. ಚೆನ್ನಾಗಿರುವ ಉಗುರಿನಿಂದ ಹನಿ ಜಾರುತ್ತೆ. ಚಮಚದಂಥ ಉಗುರಿನಲ್ಲಿ ಹನಿ ನಿಲ್ಲುತ್ತೆ.

2019ರಿಂದ 2021ರವರೆಗೆ ಸರಕಾರ ಮನೆ ಮನೆಗೆ ಹೋಗಿ ಸಮೀಕ್ಷೆ ಮಾಡಿಸಿತು. ಅದರ ಹೆಸರು ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆ. 15ರಿಂದ 49 ವರ್ಷದ ಹೆಂಗಸರ ರಕ್ತ ನೋಡಿದರು. ಕರ್ನಾಟಕದಲ್ಲಿ ನೂರಕ್ಕೆ ಸುಮಾರು 48 ಹೆಂಗಸರಿಗೆ ರಕ್ತ ಕಡಿಮೆ ಇತ್ತು. ಅದಕ್ಕೆ ಹಿಂದಿನ ಸಮೀಕ್ಷೆಯಲ್ಲಿ, ಅಂದರೆ 2015-16ರಲ್ಲಿ, ಅದು ಸುಮಾರು 45 ಇತ್ತು. ಕಡಿಮೆ ಆಗಬೇಕಾಗಿದ್ದು ಹೆಚ್ಚಾಗಿದೆ. ನಮ್ಮ ಕೇಂದ್ರದಲ್ಲಿ ಇಪ್ಪತ್ತು ಜನ ಕೂತಿದ್ದೇವೆ ಅನ್ನಿ. ಈ ಲೆಕ್ಕದಲ್ಲಿ ಒಂಬತ್ತು ಹತ್ತು ಜನ.

ಯಾಕೆ ಹೀಗೆ? ತಿಂಗಳು ತಿಂಗಳು ಮುಟ್ಟಿನಲ್ಲಿ ರಕ್ತ ಹೋಗುತ್ತೆ. ಹೆರಿಗೆಯಲ್ಲಿ ಹೋಗುತ್ತೆ. ಬರಿಗಾಲಲ್ಲಿ ಓಡಾಡಿದರೆ ಕೊಕ್ಕೆಹುಳು ಕಾಲಿನ ಚರ್ಮದಿಂದ ಒಳಗೆ ಸೇರಿ ಕರುಳಿನಲ್ಲಿ ರಕ್ತ ಹೀರುತ್ತೆ. ಇವೆಲ್ಲದರ ಮೇಲೆ ಊಟ. ಬಸ್ಸಾರು ಮಾಡಿದ ದಿನ ಸೊಪ್ಪು ಕಾಳಿನ ಪಲ್ಯ ಯಾರ ತಟ್ಟೆಗೆ ಹೋಗುತ್ತೆ? ಗಂಡಸರು ಉಂಡರು, ಮಕ್ಕಳು ಉಂಡರು, ಅತ್ತೆ ಮಾವ ಉಂಡರು. ಮಾಡಿದವಳಿಗೆ ಉಳಿದದ್ದು ಮುದ್ದೆ, ತಿಳಿ ಸಾರು. ಇದನ್ನು ನಾವು ತಾಳ್ಮೆ ಅಂತ ಹೊಗಳಿಕೊಂಡು ಬಂದಿದ್ದೇವೆ. ನಮಗೆ ಅದು ಸರಿ ಕಾಣುವುದಿಲ್ಲ. ಬಡಿಸುವ ಮುಂಚೆಯೇ ನಿಮ್ಮ ಪಾಲಿನ ಪಲ್ಯ ಒಂದು ಬಟ್ಟಲಿಗೆ ತೆಗೆದಿಡಿ. ಕದ್ದು ಇಡುವುದು ಬೇಡ, ಎಲ್ಲರ ಎದುರೇ ಇಡಿ.

ದಂಟಿನ ಸೊಪ್ಪು, ನುಗ್ಗೆ ಸೊಪ್ಪು, ಹುರುಳಿಕಾಳು, ಅಲಸಂದೆ ತಿನ್ನಿ. ಮಾಂಸ ತಿನ್ನುವವರಿಗೆ ಮಾಂಸ, ಈಲಿ ಒಳ್ಳೆಯದು. ಊಟದ ಜೊತೆ ನಿಂಬೆರಸ ಅಥವಾ ನೆಲ್ಲಿಕಾಯಿ ಇದ್ದರೆ ಕಬ್ಬಿಣದ ಅಂಶ ಮೈಗೆ ಚೆನ್ನಾಗಿ ಹತ್ತುತ್ತೆ. ಟೀ, ಕಾಫಿ ಅದನ್ನು ತಡೆಯುತ್ತವೆ. ಊಟಕ್ಕೂ ಟೀಗೂ ಒಂದು ಗಂಟೆ ಬಿಡುವು ಕೊಡಿ.

ಆದರೆ ರಕ್ತ ಬಹಳ ಕಡಿಮೆ ಇದ್ದರೆ ಸೊಪ್ಪಿನಿಂದ ಮಾತ್ರ ಆಗಲ್ಲ, ಮಾತ್ರೆ ಬೇಕು. ಸುಸ್ತು, ಮೆಟ್ಟಿಲು ಹತ್ತಿದರೆ ಏದುಸಿರು, ಎದೆ ಬಡಿತ, ಮಣ್ಣು ಅಥವಾ ಬಳಪ ತಿನ್ನುವ ಆಸೆ, ಇವು ಇದ್ದರೆ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಹೋಗಿ. "ಹಿಮೋಗ್ಲೋಬಿನ್ ನೋಡಿ" ಅಂತ ಕೇಳಿ. ಈ ಮಾತು ಉದ್ದ ಇದೆ, ಬಾಯಿಗೆ ಬರದಿದ್ದರೆ ಬರೆದುಕೊಂಡು ಹೋಗಿ. ಈಗ ನಿಮಗೆ ಬರೆಯಲು ಬರುತ್ತೆ. ಚೀಟಿಯಲ್ಲಿ ಒಂದು ಅಂಕಿ ಇರುತ್ತೆ. ಹೆಂಗಸರಿಗೆ ಅದು 12 ಅಥವಾ ಅದಕ್ಕಿಂತ ಹೆಚ್ಚು ಇರಬೇಕು. ಬಸುರಿಗೆ 11 ಇರಬೇಕು. ಅದಕ್ಕಿಂತ ಕಡಿಮೆ ಇದ್ದರೆ ರಕ್ತಹೀನತೆ. ಆ ಅಂಕಿಯನ್ನು ನೀವೇ ಓದಿಕೊಳ್ಳಿ.

ಕಬ್ಬಿಣದ ಮಾತ್ರೆ ಸರಕಾರಿ ಆಸ್ಪತ್ರೆಯಲ್ಲಿ ಪುಕ್ಕಟೆ. ಬಸುರಿಗೆ ನಾಲ್ಕನೇ ತಿಂಗಳಿಂದ ದಿನಕ್ಕೊಂದು, 180 ದಿನ. ಹೆರಿಗೆ ಆದ ಮೇಲೂ 180 ದಿನ. ಮಾತ್ರೆ ನುಂಗಿದರೆ ಮಲ ಕಪ್ಪಗೆ ಹೋಗುತ್ತೆ. ಹೆದರಬೇಡಿ. ಕೆಲವರಿಗೆ ವಾಕರಿಕೆ ಆಗುತ್ತೆ, ಹೊಟ್ಟೆ ಕಟ್ಟುತ್ತೆ. ಹಾಗಾದರೆ ಮಾತ್ರೆಯನ್ನು ಗೂಡಿಗೆ ಸೇರಿಸಿ ಮರೆಯಬೇಡಿ. ಆಶಾ ಕಾರ್ಯಕರ್ತೆಗೋ ಸಿಸ್ಟರಿಗೋ ಹೇಳಿ. ರಾತ್ರಿ ಊಟ ಆದ ಮೇಲೆ ತಗೊಂಡರೆ ಎಷ್ಟೋ ಜನಕ್ಕೆ ತಡೆಯುತ್ತೆ. ಸುಣ್ಣದ ಮಾತ್ರೆ, ಅಂದರೆ ಕ್ಯಾಲ್ಸಿಯಂ ಮಾತ್ರೆ, ಇದರ ಜೊತೆಗೇ ನುಂಗಬೇಡಿ. ಅದು ಬೇರೆ ಹೊತ್ತಿಗೆ.

ಕ್ಯಾಲ್ಸಿಯಂ ಅಂದಾಗ ಒಂದು ಮಾತು. ಉಗುರಿನ ಮೇಲೆ ಬಿಳಿ ಚುಕ್ಕೆ ಬಂದರೆ ಸುಣ್ಣದ ಅಂಶ ಕಡಿಮೆ ಅಂತ ಹೇಳುತ್ತಾರೆ. ಅದು ತಪ್ಪು. ಎಲ್ಲೋ ಬಾಗಿಲಿಗೆ, ಒನಕೆಗೆ ಬೆರಳು ತಾಗಿದ ಪೆಟ್ಟೇ ಸಾಮಾನ್ಯವಾಗಿ ಬಿಳಿ ಚುಕ್ಕೆಯಾಗುತ್ತೆ. ಉಗುರಿನಲ್ಲಿ ಸುಣ್ಣದ ಅಂಶ ಬಹಳ ಸ್ವಲ್ಪ. ರಾಗಿಯಲ್ಲಿ ಅದು ಬೇಕಾದಷ್ಟಿದೆ, ಮೂಳೆಗೆ ಬಹಳ ಒಳ್ಳೆಯದು. ಆದರೆ ಉಗುರು ಗಟ್ಟಿಯಾಗುವುದು ಅದರಿಂದಲ್ಲ. ಉಗುರು ಗಟ್ಟಿ ಮಾಡುವ ಮಾತ್ರೆ ಅಂತ ಔಷಧಿ ಅಂಗಡಿಯಲ್ಲಿ ಮಾರುತ್ತಾರೆ. ಡಾಕ್ಟರು ಬರೆದುಕೊಡದೆ ಅದಕ್ಕೆ ದುಡ್ಡು ಹಾಕಬೇಡಿ.

ಥೈರಾಯಿಡ್ ಗ್ರಂಥಿಯ ತೊಂದರೆಯಿಂದಲೂ ಉಗುರು ಮುರಿಯುತ್ತೆ. ಆಗ ಮೈ ದಪ್ಪ ಆಗುವುದು, ಎಲ್ಲರಿಗಿಂತ ಹೆಚ್ಚು ಚಳಿ, ಕೂದಲು ಉದುರುವುದು, ಇವೂ ಇರಬಹುದು. ಅದಕ್ಕೂ ರಕ್ತಪರೀಕ್ಷೆ ಇದೆ. ಒಂದು ಉಗುರು ಮಾತ್ರ ದಪ್ಪವಾಗಿ, ಹಳದಿಯಾಗಿ, ಪುಡಿಪುಡಿ ಉದುರಿದರೆ ಬೂಷ್ಟಿನ ರೋಗ ಇರಬಹುದು. ಒಂದೇ ಉಗುರಿನಲ್ಲಿ ಹೊಸದಾಗಿ ಕಪ್ಪು ಗೆರೆ ಬಂದು ಅಗಲವಾಗುತ್ತಿದ್ದರೆ ತಡಮಾಡದೆ ಚರ್ಮದ ಡಾಕ್ಟರಿಗೆ ತೋರಿಸಿ.

ಉಗುರುಸುತ್ತು ನಿಮಗೆಲ್ಲ ಗೊತ್ತು. ನೀರಿನಲ್ಲಿ ನೆನೆದು ಉಗುರಿನ ಪಕ್ಕದ ಚರ್ಮ ಬಿಟ್ಟುಕೊಂಡಾಗ ರೋಗಾಣು ಒಳಗೆ ಹೋಗುತ್ತೆ. ಊದಿ, ಕೀವಾಗಿ, ರಾತ್ರಿಯೆಲ್ಲ ಸಿಡಿಯುತ್ತೆ. ನಿಂಬೆಹಣ್ಣಿಗೆ ಬೆರಳು ತೂರಿಸಿಕೊಂಡು ಎರಡು ಮೂರು ದಿನ ಕೂರುತ್ತೀರಿ. ಕೀವು ತುಂಬಿದ್ದರೆ ನಿಂಬೆಹಣ್ಣಿನಿಂದ ಹೋಗಲ್ಲ, ಆಸ್ಪತ್ರೆಯಲ್ಲಿ ತೆಗೆಸಬೇಕು. ಮನೆಯ ಸೂಜಿಯಿಂದ ಚುಚ್ಚಬೇಡಿ. ಸಕ್ಕರೆ ಕಾಯಿಲೆ ಇರುವವರು ಒಂದು ದಿನವೂ ಕಾಯಬಾರದು.

ಈಗ ಆರೈಕೆ. ಖರ್ಚು ಬಹಳ ಇಲ್ಲ.

ನೀರಿನ ಕೆಲಸವನ್ನು ಚೂರು ಚೂರು ಮಾಡಬೇಡಿ. ಪಾತ್ರೆ, ಬಟ್ಟೆ, ನೆಲ ಒರೆಸುವುದು ಆದಷ್ಟೂ ಒಂದೇ ಸಲಕ್ಕೆ ಮುಗಿಸಿ. ಮುಗಿದ ಕೂಡಲೇ ಕೈಯನ್ನು ಒಣ ಬಟ್ಟೆಯಲ್ಲಿ ಒರೆಸಿ. ಬೆರಳ ಸಂದಿ, ಉಗುರಿನ ಬುಡ ಬಿಡಬೇಡಿ. ಆಮೇಲೆ ಎರಡು ಹನಿ ಕೊಬ್ಬರಿ ಎಣ್ಣೆ. ಹರಳೆಣ್ಣೆ ಆದೀತು, ವ್ಯಾಸಲೀನೂ ಆದೀತು. ಅಂಗೈಗೆ ಬಳಿದುಕೊಂಡರೆ ಸಾಲದು, ಉಗುರಿನ ಬುಡಕ್ಕೆ, ಒಡೆದ ತುದಿಗೆ ತಿಕ್ಕಬೇಕು. ರಾತ್ರಿ ಮಲಗುವಾಗ ತಪ್ಪದೆ ಹಚ್ಚಿ. ಕುಡಿದ ನೀರು ಬೇಗ ಆರಿಹೋಗದ ಹಾಗೆ ಎಣ್ಣೆ ಹಿಡಿದಿಡುತ್ತೆ. ನೂಲು ಬಿಚ್ಚುವ ಅಕ್ಕಂದಿರು ಊಟದ ಬಿಡುವಿನಲ್ಲಿ ಒಳ್ಳೆಯ ನೀರಿನಲ್ಲಿ ಕೈ ತೊಳೆದು, ಒರೆಸಿ, ಎಣ್ಣೆ ಹಚ್ಚಿ. ಸಂಜೆ ಮನೆಗೆ ಹೊರಡುವಾಗ ಮತ್ತೆ ಹಚ್ಚಿ. ಒಂದು ಸಣ್ಣ ಸೀಸೆ ಬುತ್ತಿ ಚೀಲದಲ್ಲಿ ಇರಲಿ. ಮನೆಯ ಪಾತ್ರೆಯನ್ನು ಆ ದಿನ ಬೇರೆ ಯಾರಾದರೂ ತೊಳೆಯಲಿ. ಮಗನಿಗೂ ಎರಡು ಕೈ ಇದೆಯಲ್ಲ.

ಪಾತ್ರೆ ಬಟ್ಟೆಗೆ, ಸುಣ್ಣ ಹೊಡೆಯಲು ರಬ್ಬರಿನ ಕೈಚೀಲ ಹಾಕಬಹುದು. ಒಳಗೆ ಬೆವೆತರೆ ಅದೂ ನೀರೇ. ತೆಳು ಹತ್ತಿ ಕೈಚೀಲ ಒಳಗೆ ಹಾಕಿ ಅದರ ಮೇಲೆ ರಬ್ಬರಿನದು ಹಾಕಿದರೆ ಒಳ್ಳೆಯದು. ತೂತಾದರೆ ಬಿಸಾಡಿ.

ಉಗುರು ಗಿಡ್ಡ ಇರಲಿ. ಸ್ನಾನ ಆದ ಮೇಲೆ ಮೆತ್ತಗಿರುವಾಗ ಕತ್ತರಿಸಿ. ಬ್ಲೇಡು ಬೇಡ, ಉಗುರು ಕತ್ತರಿ ಇರಲಿ. ಎದ್ದ ಸಿಪ್ಪೆಯನ್ನು ಹಲ್ಲಿನಿಂದ ಕಚ್ಚಿ ಎಳೆಯಬೇಡಿ, ಅದು ಜೀವದ ತನಕ ಸೀಳುತ್ತೆ. ಶುಕ್ರವಾರ ಕತ್ತರಿಸಬಾರದು, ಸಂಜೆ ಕತ್ತರಿಸಬಾರದು ಅಂತ ಹೇಳುತ್ತಾರೆ. ಸಂಜೆಯದಕ್ಕೆ ಅರ್ಥ ಇದ್ದೀತು, ಬುಡ್ಡಿ ದೀಪದಲ್ಲಿ ಬೆರಳು ಕುಯ್ದುಕೊಳ್ಳುವ ಭಯ ಇತ್ತು. ಶುಕ್ರವಾರಕ್ಕೂ ಉಗುರಿಗೂ ಸಂಬಂಧ ನಮಗೆ ಕಾಣಲಿಲ್ಲ.

ಒಂದು ವಾರ ಎಣ್ಣೆ ಹಚ್ಚಿ ಏನೂ ಆಗಲಿಲ್ಲ ಅಂತ ಬಿಡಬೇಡಿ. ಒಡೆದ ತುದಿ ಮತ್ತೆ ಅಂಟುವುದಿಲ್ಲ. ಬುಡದಿಂದ ಹೊಸ ಉಗುರು ಬಂದು ಹಳೆಯದನ್ನು ಮುಂದಕ್ಕೆ ತಳ್ಳಬೇಕು. ಅದಕ್ಕೇ ಆರು ತಿಂಗಳ ಲೆಕ್ಕ ಮೊದಲೇ ಹೇಳಿದೆವು. ನಿಮ್ಮ ನೋಟುಪುಸ್ತಕದ ಕೊನೆಯ ಹಾಳೆಯಲ್ಲಿ ಇವತ್ತಿನ ತಾರೀಖು ಬರೆಯಿರಿ. ಅದರ ಕೆಳಗೆ ಕೈ ಇಟ್ಟು ಪೆನ್ಸಿಲಿನಲ್ಲಿ ಸುತ್ತ ಗೆರೆ ಎಳೆಯಿರಿ. ಯಾವ ಬೆರಳಿನ ಉಗುರು ಒಡೆದಿದೆಯೋ ಆ ಬೆರಳಿಗೆ ಗುರುತು ಹಾಕಿ. ರಕ್ತಪರೀಕ್ಷೆ ಮಾಡಿಸಿದ ದಿನ ಆ ಅಂಕಿಯನ್ನೂ ಪಕ್ಕದಲ್ಲಿ ಬರೆಯಿರಿ. ತಿಂಗಳಿಗೊಮ್ಮೆ ಹಾಳೆ ತೆಗೆದು ನೋಡೋಣ. ಪೆನ್ಸಿಲ್ ಇಲ್ಲದವರು ಕೇಳಿ, ಕೇಂದ್ರದಲ್ಲಿ ಇದೆ.