ನಗರದ ನಾಣ್ಯ, ಅಜ್ಜಿಯ ಮಳೆ



ದಿನಾಂಕ ಒಂದು ತಪ್ಪಿದರೆ ನಮ್ಮ ಸಾಫ್ಟ್‌ವೇರ್ ಕೆಲಸದಲ್ಲಿ ರಾತ್ರಿಯಿಡೀ ಜಾಗರಣೆ. ಹಾಗಾಗಿ ನಮ್ಮ ಹೊಸನಗರ ತಾಲ್ಲೂಕಿನ ನಗರದಲ್ಲಿ ಟಂಕಿಸಿದ ಟಿಪ್ಪುವಿನ ನಾಣ್ಯಗಳ ಇಸವಿ ನನ್ನನ್ನು ಹಿಡಿದು ನಿಲ್ಲಿಸಿತು. 1787ರಲ್ಲಿ ಹಿಜರಿ ಬಿಟ್ಟು ಮೌಲೂದಿ ಶಕೆ ಬಂತು. ಮೊದಲ ಇಸವಿ 1215, ಬರೆದದ್ದು ಬಲದಿಂದ ಎಡಕ್ಕೆ. ನಾವು ಓದಿದರೆ 5121! ತಿಂಗಳುಗಳಿಗೆ ಅಹಮದಿ, ಬಹಾರಿ ಎಂದು ಹೊಸ ಹೆಸರು. ಒಳಗಿನ ಲೆಕ್ಕ ಮಾತ್ರ ನಮ್ಮದೇ ಅರವತ್ತು ಸಂವತ್ಸರ, ಅಧಿಕಮಾಸ. ಪ್ರೋಗ್ರಾಮರಿಗೆ ಇದು ಚೆನ್ನಾಗಿ ಗೊತ್ತಿರುವ ಉಪಾಯ. 1799ರಲ್ಲಿ ಟಿಪ್ಪುವಿನೊಂದಿಗೆ ಅದೂ ಹೋಯಿತು.

ಗದ್ದೆಗಳಲ್ಲಿ ಉಳಿದದ್ದು ಮಳೆನಕ್ಷತ್ರದ ಲೆಕ್ಕ. ನಾನು ಹುಟ್ಟಿದ್ದು ಆರಿದ್ರಾ ಮಳೆಯಲ್ಲಿ ಎಂದಷ್ಟೇ ಅಜ್ಜಿಗೆ ಗೊತ್ತಿತ್ತು. ಒಂದನೇ ಕ್ಲಾಸಿಗೆ ಸೇರಿಸುವಾಗ ಮೇಷ್ಟ್ರು ಅಂದಾಜಿನಲ್ಲಿ ಜೂನ್ 28 ಎಂದು ಬರೆದುಕೊಂಡರು. ಈ ಹೈಸ್ಕೂಲಿನ ದಾಖಲೆಯಲ್ಲೂ, ನನ್ನ ಪಾಸ್‌ಪೋರ್ಟಿನಲ್ಲೂ ಇಂದಿಗೂ ಅದೇ ಇದೆ.