ಆಟ ಗೆದ್ದವರಿಗೆ ಅಂಗಳ ಸಿಗಲಿಲ್ಲ

(ಗಿರಣಿ ಕಾರ್ಮಿಕರ ವಾರದ ಸಭೆಯಲ್ಲಿ ಮಾಡಿದ ಭಾಷಣ)



ಪಾಳಿ ಮುಗಿಸಿ, ಅಂಗಡಿ ಬಾಗಿಲು ಹಾಕಿ ಇಲ್ಲಿಗೆ ಬಂದಿದ್ದೀರಿ. ಈ ಹೊತ್ತಿನಲ್ಲಿ ನಾನು ಕಾಲ್ಚೆಂಡಾಟದ ಮಾತು ತೆಗೆದರೆ, ಅದರಲ್ಲೂ ಹೆಂಗಸರ ಕಾಲ್ಚೆಂಡಾಟದ ಮಾತು ತೆಗೆದರೆ, ಮೇಷ್ಟ್ರಿಗೆ ಬೇರೆ ವಿಷಯ ಸಿಗಲಿಲ್ಲವೇ ಎಂದು ಕೆಲವರಿಗಾದರೂ ಅನಿಸಬಹುದು. ಸ್ವಲ್ಪ ತಾಳ್ಮೆಯಿಂದ ಕೇಳಬೇಕು. ಇದು ಆಟದ ಕಥೆ ಹೌದು. ಆದರೆ ಆಡಿದವರು ಕಾರ್ಖಾನೆಯ ಕೂಲಿ ಹೆಣ್ಣುಮಕ್ಕಳು, ಆಟಕ್ಕೆ ಸೇರಿದ ಹಣ ಹೋದದ್ದು ನೊಂದವರ ಮನೆಗೆ, ಆಟವನ್ನು ಕೆಡಿಸಿದವರು ಅಂಗಳದ ಒಡೆಯರು. ಹೀಗಿರುವಾಗ ಇದು ನಮ್ಮ ಸಭೆಗೆ ಹೊರಗಿನ ವಿಷಯವಲ್ಲ.

ದಾವಣಗೆರೆಯನ್ನು ಕರ್ನಾಟಕದ ಮ್ಯಾಂಚೆಸ್ಟರ್ ಎಂದು ಕರೆಯುತ್ತಿದ್ದ ಕಾಲವೊಂದಿತ್ತು. ಆ ಮೂಲ ಮ್ಯಾಂಚೆಸ್ಟರಿನಿಂದ ಸುಮಾರು 30 ಮೈಲಿ ದೂರದಲ್ಲಿ, ಇಂಗ್ಲೆಂಡಿನ ಲ್ಯಾಂಕಷೈರ್ ಪ್ರಾಂತದಲ್ಲಿ, ಪ್ರೆಸ್ಟನ್ ಎಂಬ ಊರಿದೆ. ಅದೂ ಹತ್ತಿ ಗಿರಣಿಗಳ ಊರೇ. ಅಲ್ಲಿ ಡಿಕ್, ಕೆರ್ ಎಂಬ ಕಂಪೆನಿಯ ಕಾರ್ಖಾನೆ ಇತ್ತು. ಟ್ರಾಮು, ರೈಲ್ವೆ ಸಾಮಾನು ತಯಾರಿಸುತ್ತಿತ್ತು. 1914ರಲ್ಲಿ ಮಹಾಯುದ್ಧ ಹತ್ತಿಕೊಂಡ ಮೇಲೆ ಅಲ್ಲಿ ಮದ್ದುಗುಂಡು ಮಾಡತೊಡಗಿದರು. ಗಂಡಸರು ರಣರಂಗಕ್ಕೆ ಹೋದರು. ಯಂತ್ರದ ಮುಂದೆ ಹೆಂಗಸರು ಬಂದು ನಿಂತರು. ನಿನ್ನೆಯವರೆಗೆ 'ಇದು ಹೆಂಗಸರ ಕೈಲಿ ಆಗುವ ಕೆಲಸವಲ್ಲ' ಎಂದವರೇ 'ಬನ್ನಿ ತಾಯಂದಿರೇ, ದೇಶ ಕಾಪಾಡಿ' ಎಂದರು.

ಊಟದ ಬಿಡುವಿನಲ್ಲಿ ಕಾರ್ಖಾನೆಯ ಅಂಗಳದಲ್ಲಿ ಹುಡುಗರು ಚೆಂಡು ಒದೆಯುತ್ತಿದ್ದರು. ಹೆಂಗಸರೂ ಸೇರಿಕೊಂಡರು. 1917ರಲ್ಲಿ ಗ್ರೇಸ್ ಸಿಬರ್ಟ್ ಎಂಬ ಕೆಲಸಗಾರ್ತಿ ಮುಂದಾಳಾಗಿ ಗಂಡಸರ ಮೇಲೆ ಒಂದು ಪಂದ್ಯವನ್ನೇ ಆಡಿಸಿದಳು. ಆಕೆಯ ಗಂಡ ಆಗ ಶತ್ರುಗಳ ಸೆರೆಯಲ್ಲಿದ್ದ. ಕಾರ್ಖಾನೆಯ ಕಚೇರಿಯಲ್ಲಿ ಕೆಲಸ ಮಾಡುತ್ತಿದ್ದ ಆಲ್ಫ್ರೆಡ್ ಫ್ರಾಂಕ್‌ಲಂಡ್ ಎಂಬಾತ ಇವರ ಆಟ ಕಂಡು ತಂಡ ಕಟ್ಟುವ ಹೊಣೆ ಹೊತ್ತ. ಗಂಡಸರ ಲೀಗ್ ಪಂದ್ಯಗಳು 1915ರಿಂದ ನಿಂತುಹೋಗಿದ್ದವು; ದೊಡ್ಡ ದೊಡ್ಡ ಮೈದಾನಗಳು ಖಾಲಿ ಬಿದ್ದಿದ್ದವು. ಪ್ರೆಸ್ಟನ್ನಿನ ಡೀಪ್‌ಡೇಲ್ ಮೈದಾನವನ್ನು ಬಾಡಿಗೆಗೆ ಪಡೆದು 1917ರ ಕ್ರಿಸ್‌ಮಸ್ ದಿನ ಮೊದಲ ಪಂದ್ಯ ಇಟ್ಟರು. ಎದುರಾಳಿಗಳು ಅದೇ ಊರಿನ ಇನ್ನೊಂದು ಕಾರ್ಖಾನೆಯ ಹೆಂಗಸರು. ನೋಡಲು 10,000 ಜನ ಬಂದರು. ಡಿಕ್, ಕೆರ್ ತಂಡ 4-0ರಲ್ಲಿ ಗೆದ್ದಿತು. ಗಾಯಾಳು ಸೈನಿಕರ ಆಸ್ಪತ್ರೆಗೆ 200 ಪೌಂಡಿಗೂ ಹೆಚ್ಚು ಹಣ ಕೂಡಿತು.

ಯುದ್ಧ 1918ರಲ್ಲಿ ಮುಗಿಯಿತು. ಮರುವರ್ಷವೇ ಕಾನೂನು ಬಂತು: ಕಾರ್ಖಾನೆಗಳಲ್ಲಿ ಯುದ್ಧಕ್ಕೆ ಮುಂಚಿನ ಪದ್ಧತಿಗಳನ್ನೇ ಮತ್ತೆ ತರಬೇಕು ಎಂದು. ಅಂದರೆ ಸಾವಿರಾರು ಹೆಣ್ಣುಮಕ್ಕಳು ಯಂತ್ರ ಬಿಟ್ಟು ಮನೆಗೆ ನಡೆಯಬೇಕು. ಕೆಲಸ ಹೋಯಿತು, ಆದರೆ ಆಟ ನಿಲ್ಲಲಿಲ್ಲ, ಇನ್ನೂ ಬೆಳೆಯಿತು. 1921ರ ಹೊತ್ತಿಗೆ ಇಂಗ್ಲೆಂಡಿನಲ್ಲಿ ಹೆಂಗಸರ ತಂಡಗಳು ಸುಮಾರು 150 ಇದ್ದವು. ಅವುಗಳಲ್ಲಿ ಡಿಕ್, ಕೆರ್ ತಂಡವೇ ಮೊದಲು.

ಅದರ ಉಚ್ಛ್ರಾಯ ಎಂಥದು ಎಂಬುದಕ್ಕೆ 1920ನೇ ಇಸವಿ ಒಂದನ್ನೇ ನೋಡಿ. ಆ ವರ್ಷ ಪ್ಯಾರಿಸಿನಿಂದ ಫ್ರೆಂಚ್ ಹೆಂಗಸರ ತಂಡ ಬಂತು. ಪ್ರೆಸ್ಟನ್ನಿನಲ್ಲಿ ಆ ಪಂದ್ಯಕ್ಕೆ 25,000 ಜನ. ಬಳಿಕ ಇವರೇ ಫ್ರಾನ್ಸಿಗೆ ಹೋಗಿ ಆಡಿ ಬಂದರು. ಡಿಸೆಂಬರಿನಲ್ಲಿ ಕೆಲಸವಿಲ್ಲದ ಮಾಜಿ ಸೈನಿಕರ ಸಹಾಯಾರ್ಥ ರಾತ್ರಿಯ ಹೊತ್ತು ಪಂದ್ಯ ಇಟ್ಟರು. ಯುದ್ಧ ಖಾತೆಯಿಂದ ವಿಮಾನ ಹುಡುಕುವ ಎರಡು ದೊಡ್ಡ ದೀಪಗಳನ್ನು ಎರವಲು ತಂದರು. ಅನುಮತಿ ಕೊಟ್ಟ ಮಂತ್ರಿ ವಿನ್‌ಸ್ಟನ್ ಚರ್ಚಿಲ್. ಚೆಂಡು ಕತ್ತಲಲ್ಲಿ ಕಾಣಲೆಂದು ಅದಕ್ಕೆ ಆಗಾಗ ಸುಣ್ಣ ಬಳಿಯುತ್ತಿದ್ದರಂತೆ. 12,000 ಜನ ಚಳಿಯಲ್ಲಿ ನಿಂತು ನೋಡಿದರು.

ಅದಾದ ಹತ್ತೇ ದಿನಕ್ಕೆ, 1920ರ ಡಿಸೆಂಬರ್ 26ರಂದು, ಲಿವರ್‌ಪೂಲಿನ ಗುಡಿಸನ್ ಪಾರ್ಕ್ ಮೈದಾನದಲ್ಲಿ ಸೇಂಟ್ ಹೆಲೆನ್ಸ್ ತಂಡದ ಮೇಲೆ ಪಂದ್ಯ. ಒಳಗೆ 53,000 ಜನ. ಜಾಗವಿಲ್ಲದೆ ಬಾಗಿಲ ಹೊರಗೇ ಉಳಿದವರು ಹತ್ತು ಸಾವಿರಕ್ಕೂ ಮಿಕ್ಕು. ಮುಂಚೂಣಿಯ ಆಟಗಾರ್ತಿ ಫ್ಲಾರಿ ರೆಡ್‌ಫರ್ಡ್ ಅಂದು ರೈಲು ತಪ್ಪಿಸಿಕೊಂಡಳು. ನಾಯಕಿ ಆಲಿಸ್ ಕೆಲ್ ಹಿಂದಿನ ಜಾಗ ಬಿಟ್ಟು ತಾನೇ ಮುಂದೆ ಬಂದು ಮೂರು ಗೋಲು ಹೊಡೆದಳು! ತಂಡ 4-0ರಲ್ಲಿ ಗೆದ್ದಿತು. ಕೂಡಿದ ಹಣ 3,115 ಪೌಂಡು. ಹೆಂಗಸರ ಕ್ಲಬ್ ಪಂದ್ಯವೊಂದಕ್ಕೆ ಅಷ್ಟು ಜನ ಸೇರಿದ ದಾಖಲೆಯನ್ನು ಮುರಿಯಲು 2019ರವರೆಗೆ ಕಾಯಬೇಕಾಯಿತು. ಅದು ಮುರಿದದ್ದು ಸ್ಪೇನಿನಲ್ಲಿ.

ಈ ತಂಡದಲ್ಲಿ ಲಿಲಿ ಪಾರ್ ಎಂಬ ಹುಡುಗಿ ಇದ್ದಳು. ಸೇಂಟ್ ಹೆಲೆನ್ಸಿನ ಬಡವರ ಮನೆಯ ಮಗಳು. 1920ರಲ್ಲಿ ಫ್ರಾಂಕ್‌ಲಂಡ್ ಆಕೆಯನ್ನು ಕರೆತಂದಾಗ ವಯಸ್ಸು ಹದಿನಾಲ್ಕೋ ಹದಿನೈದೋ. ಕಾರ್ಖಾನೆಯಲ್ಲಿ ಕೆಲಸ ಕೊಟ್ಟರು, ಸಹ ಆಟಗಾರ್ತಿಯ ಮನೆಯಲ್ಲಿ ಇರಲು ಜಾಗ ಕೊಟ್ಟರು. ಎಡಗಾಲಿನ ಆಕೆಯ ಒದೆತಕ್ಕೆ ಗೋಲು ಕಾಯುವವರು ಹೆದರುತ್ತಿದ್ದರು. ಪಂದ್ಯಕ್ಕೆ ಪ್ರತಿಯೊಬ್ಬಳಿಗೂ ಸಿಗುತ್ತಿದ್ದುದು 10 ಶಿಲ್ಲಿಂಗು, ಅಂದರೆ ಅರ್ಧ ಪೌಂಡು. ಸಂಬಳ ಎಂದು ಯಾರೂ ಕರೆಯಲಿಲ್ಲ. ಕೆಲಸ ತಪ್ಪಿದ್ದಕ್ಕೆ ಪರಿಹಾರ ಎಂದು ಕರೆದರು. ಹೆಸರು ಏನೇ ಇರಲಿ, ಇವರು ವೃತ್ತಿಯವರಷ್ಟೇ ದುಡಿದರು. 1921ರಲ್ಲಿ ಕಾರ್ಖಾನೆಯ ಕೆಲಸದ ಜೊತೆಗೇ 67 ಪಂದ್ಯ ಆಡಿದರು. ಆ ಒಂದು ವರ್ಷ ಇವರ ಆಟ ನೋಡಿದವರು ಒಟ್ಟು ಸುಮಾರು 9 ಲಕ್ಷ ಎಂದು ಲೆಕ್ಕ.

ಇನ್ನು ಇಳಿಗಾಲದ ಕಥೆಗೆ ಬರೋಣ.

ಅದೇ 1921ರ ಏಪ್ರಿಲ್ 1ರಂದು ಬ್ರಿಟನ್ನಿನ ಕಲ್ಲಿದ್ದಲ ಗಣಿಗಳಿಗೆ ಬೀಗ ಬಿತ್ತು. ಯುದ್ಧದ ಕಾಲದಲ್ಲಿ ಸರ್ಕಾರದ ಕೈಲಿದ್ದ ಗಣಿಗಳನ್ನು ಧಣಿಗಳಿಗೆ ಹಿಂದಿರುಗಿಸಿದ್ದರು. ಧಣಿಗಳು ಕೂಲಿ ಕಡಿತದ ಪಟ್ಟಿ ಹಾಕಿದರು. ಒಪ್ಪದ ಸುಮಾರು 10 ಲಕ್ಷ ಗಣಿ ಕೆಲಸಗಾರರು ಬೀದಿಗೆ ಬಿದ್ದರು. ಜೊತೆಗೆ ನಿಲ್ಲುತ್ತೇವೆಂದಿದ್ದ ರೈಲ್ವೆ, ಸಾರಿಗೆ ಸಂಘಗಳು ಏಪ್ರಿಲ್ 15ರಂದು ಹಿಂದೆ ಸರಿದವು. ಮೂರು ತಿಂಗಳು ಗಣಿಯವರ ಮನೆಗಳಲ್ಲಿ ಒಲೆ ಸರಿಯಾಗಿ ಹತ್ತಲಿಲ್ಲ. ಆಗ ಲ್ಯಾಂಕಷೈರಿನ ಊರೂರಲ್ಲಿ ಹೆಂಗಸರ ತಂಡಗಳು ಪಂದ್ಯ ಆಡಿ, ಟೋಪಿ ಹಿಡಿದು ಕಾಸು ಕೂಡಿಸಿ, ಗಂಜಿ ಕೇಂದ್ರಗಳನ್ನು ನಡೆಸಲು ನೆರವಾದವು.

ಸೈನಿಕರ ಆಸ್ಪತ್ರೆಗೆ ಹಣ ಕೊಟ್ಟಾಗ ಹೆಂಗಸರ ಆಟ ದೇಶಸೇವೆಯಾಗಿತ್ತು. ಬೀಗಮುದ್ರೆಯಲ್ಲಿ ಸಿಕ್ಕವರ ಮಕ್ಕಳಿಗೆ ಗಂಜಿ ಕಾಯಿಸಿದಾಗ? ಆಗ ಆಟದಿಂದ ಹೆಂಗಸರ ಮೈಗೆ ಕೆಡುಕು ಎಂಬ ಮಾತು ಜೋರಾಯಿತು. ವೈದ್ಯರ ಅಭಿಪ್ರಾಯಗಳು ಪತ್ರಿಕೆಗಳಲ್ಲಿ ಬಂದವು. ಇದು ಹೆಣ್ಣಿನ ದೇಹಕ್ಕೆ ತಕ್ಕ ಆಟವೇ ಅಲ್ಲ ಎಂದವರಲ್ಲಿ ಲಂಡನ್ನಿನ ಪ್ರಸಿದ್ಧ ವೈದ್ಯೆ ಮೇರಿ ಶಾರ್ಲೀಬ್ ಒಬ್ಬರು. ಆಕೆ ನಮ್ಮ ಮದರಾಸಿನ ವೈದ್ಯಕೀಯ ಕಾಲೇಜಿನಲ್ಲಿ 1875ರಲ್ಲಿ ಸೇರಿದ ಮೊದಲ ಹೆಂಗಸರಲ್ಲಿ ಒಬ್ಬರು. ಮದರಾಸಿನಲ್ಲಿ ಹೆಂಗಸರಿಗಾಗಿಯೇ ಆಸ್ಪತ್ರೆ ಕಟ್ಟಿಸಿದ ಮಹನೀಯೆ. ಹೆಣ್ಣಿಗೆ ವೈದ್ಯಶಾಸ್ತ್ರ ತಕ್ಕುದಲ್ಲ ಎಂಬ ಬೇಲಿಯನ್ನು ದಾಟಿ ಬಂದವರೇ, ಇನ್ನೊಂದು ಅಂಗಳದ ಮುಂದೆ ಬೇಲಿ ಹಾಕುವವರ ಜೊತೆ ನಿಂತರು!

1921ರ ಡಿಸೆಂಬರ್ 5ರಂದು ಇಂಗ್ಲೆಂಡಿನ ಫುಟ್‌ಬಾಲ್ ಅಸೋಸಿಯೇಷನ್ ನಿರ್ಣಯ ಮಾಡಿತು. ಅದರ ಸಾರ ಎರಡು ಮಾತು. ಒಂದು, ಈ ಆಟ ಹೆಂಗಸರಿಗೆ ತಕ್ಕುದಲ್ಲ. ಎರಡು, ಧರ್ಮಾರ್ಥವೆಂದು ಕೂಡಿಸಿದ ಹಣದಲ್ಲಿ ಹೆಚ್ಚು ಪಾಲು ಖರ್ಚಿಗೇ ಹೋಗುತ್ತಿದೆ. ಆದ್ದರಿಂದ ಸಂಸ್ಥೆಗೆ ಸೇರಿದ ಯಾವ ಕ್ಲಬ್ಬೂ ತನ್ನ ಮೈದಾನವನ್ನು ಹೆಂಗಸರ ಪಂದ್ಯಕ್ಕೆ ಕೊಡಕೂಡದು.

ಗಮನಿಸಿ, ಆಡಬೇಡಿ ಎಂದು ಹೇಳಲಿಲ್ಲ. ಇಲ್ಲಿ ಕುಳಿತಿರುವ ಸಣ್ಣ ವ್ಯಾಪಾರಿಗಳಿಗೆ ಇದು ಬೇಗ ಅರ್ಥವಾಗುತ್ತದೆ. ನೀನು ವ್ಯಾಪಾರ ಮಾಡಬೇಡ ಎಂದು ಯಾರೂ ಹೇಳುವುದಿಲ್ಲ. ಸಂತೆಮಾಳದಲ್ಲಿ ನಿನಗೆ ಜಾಗವಿಲ್ಲ ಎನ್ನುತ್ತಾರೆ, ಅಷ್ಟೇ. ಗಂಟು ಹೊತ್ತು ನೀನು ಎಲ್ಲಿಗಾದರೂ ಹೋಗು, ಗಿರಾಕಿ ಬಂದರೆ ಮಾರಿಕೋ.

ಲೆಕ್ಕದ ಆಪಾದನೆಯನ್ನು ಹಾಗೇ ತಳ್ಳಿಹಾಕುವುದು ಸರಿಯಲ್ಲ. ಸಾರ್ವಜನಿಕರ ಹಣ ಎತ್ತಿದವರು ಕಾಸಿಗೆ ಕಾಸು ಲೆಕ್ಕ ಒಪ್ಪಿಸಬೇಕು. ಅದರಲ್ಲಿ ಗಂಡು ಹೆಣ್ಣು ಎಂಬ ಭೇದವಿಲ್ಲ. ಆದರೆ ಲೆಕ್ಕ ಸರಿಯಿಲ್ಲದಿದ್ದರೆ ಲೆಕ್ಕ ಕೇಳಬೇಕು, ಇಡೀ ದೇಶದ ಹೆಣ್ಣುಮಕ್ಕಳಿಗೆ ಬಾಗಿಲು ಹಾಕುವುದಲ್ಲ. ಹಲಗೆಯ ಮೇಲೆ ಬರೆದು ತೋರಿಸುವಂಥ ಲೆಕ್ಕ ಒಂದನ್ನು ಹೇಳುತ್ತೇನೆ. ಹನ್ನೊಂದು ಜನಕ್ಕೆ ತಲಾ 10 ಶಿಲ್ಲಿಂಗಿನಂತೆ ಐದೂವರೆ ಪೌಂಡಾಯಿತು. ರೈಲು, ಊಟ, ವಸತಿ ಬೇರೆ ಸೇರಿಸಿ. ಗುಡಿಸನ್ ಪಾರ್ಕಿನ ಒಂದು ದಿನದ 3,115 ಪೌಂಡಿನ ಮುಂದೆ ಆಟಗಾರ್ತಿಯ ಪಾಲು ಎಷ್ಟು? ನಾಯಕಿ ಆಲಿಸ್ ಕೆಲ್ ಆಗಲೇ ಉತ್ತರ ಕೊಟ್ಟಳು: ನಾವೆಲ್ಲ ವಾರದ ಕೂಲಿ ನಂಬಿದ ಹುಡುಗಿಯರು, ಮನೆಯವರು ನಮ್ಮನ್ನು ನೆಚ್ಚಿಕೊಂಡಿದ್ದಾರೆ, ನಮಗೆ ಇಷ್ಟವಾದ ಆಟ ಆಡುವ ಹಕ್ಕು ನಮಗಿಲ್ಲವೇ ಎಂದು.

ಗಣಿಯವರಿಗೆ ನೆರವಾದದ್ದೇ ನಿಷೇಧಕ್ಕೆ ಕಾರಣವೆಂದು ಆ ನಿರ್ಣಯದಲ್ಲಿ ಬರೆದಿಲ್ಲ. ಅದೊಂದೇ ಕಾರಣವೆಂದು ನಾನೂ ಹೇಳುವುದಿಲ್ಲ. ಗಂಡಸರ ಲೀಗು 1919ರಲ್ಲಿ ಮತ್ತೆ ಶುರುವಾಗಿತ್ತು, ಬಾಗಿಲಲ್ಲಿ ಬೀಳುವ ಟಿಕೆಟ್ಟಿನ ದುಡ್ಡಿಗೆ ಹೆಂಗಸರು ಪೈಪೋಟಿಯಾಗಿದ್ದರು. ಹೆಣ್ಣು ಒಲೆಯ ಮುಂದೆ ಇರಬೇಕೆಂಬ ಹಳೆಯ ನಂಬಿಕೆಯೂ ಇತ್ತು. ಇವೆಲ್ಲ ಒಂದೇ ವರ್ಷದಲ್ಲಿ ಕೂಡಿಬಂದವು.

ನಿಷೇಧದ ಬಳಿಕ ಇವರು ಸುಮ್ಮನೆ ಕೂರಲಿಲ್ಲ. ಅದೇ ತಿಂಗಳು ಹಲವು ಹೆಂಗಸರ ತಂಡಗಳು ಸೇರಿ ತಮ್ಮದೇ ಸಂಘ ಕಟ್ಟಿದವು. ಅದು ಹೆಚ್ಚು ಕಾಲ ಬಾಳಲಿಲ್ಲ. ಡಿಕ್, ಕೆರ್ ತಂಡ 1922ರಲ್ಲಿ ಹಡಗು ಹತ್ತಿ ಕೆನಡಾಕ್ಕೆ ಹೋಯಿತು. ಅಲ್ಲಿಯ ಸಂಸ್ಥೆಯೂ ಅಡ್ಡ ಬಂತು. ಅಮೆರಿಕಕ್ಕೆ ಇಳಿದು ಅಲ್ಲಿಯ ಗಂಡಸರ ತಂಡಗಳ ಮೇಲೇ ಒಂಬತ್ತು ಪಂದ್ಯ ಆಡಿ, ಕೆಲವು ಗೆದ್ದು ಕೆಲವು ಸೋತು ಬಂದರು. ಊರಿಗೆ ಮರಳಿದ ಮೇಲೆ ಉದ್ಯಾನ, ರಗ್ಬಿ ಮೈದಾನ, ಸಿಕ್ಕಲ್ಲಿ ಆಟ. ಅಂಥ ಕಡೆ 53,000 ಜನ ಎಲ್ಲಿ ನಿಲ್ಲಬೇಕು? ಜನ ಕಡಿಮೆಯಾದರು, ಹಣ ಕಡಿಮೆಯಾಯಿತು, ಪತ್ರಿಕೆಗಳಲ್ಲಿ ಸುದ್ದಿ ಕಡಿಮೆಯಾಯಿತು.

ಎರಡನೆಯ ಪೆಟ್ಟು ಮನೆಯೊಳಗಿಂದಲೇ ಬಿತ್ತು. ಕಂಪೆನಿ ಇಷ್ಟರಲ್ಲಿ ಇಂಗ್ಲಿಷ್ ಎಲೆಕ್ಟ್ರಿಕ್ ಎಂಬ ದೊಡ್ಡ ಸಂಸ್ಥೆಯಲ್ಲಿ ಸೇರಿಹೋಗಿತ್ತು. ಹೊಸ ಆಡಳಿತಕ್ಕೂ ಫ್ರಾಂಕ್‌ಲಂಡನಿಗೂ ಹೊಂದಲಿಲ್ಲ. 1926ರಲ್ಲಿ ಆತ ಹೊರಬಿದ್ದ. ಊರಿನಲ್ಲೇ ಅಂಗಡಿ ಇಟ್ಟುಕೊಂಡು ತಂಡ ನಡೆಸಿದ. ಕಂಪೆನಿಯ ಹೆಸರೂ ಹೋಯಿತು, ಆಸರೆಯೂ ಹೋಯಿತು. ತಂಡ 'ಪ್ರೆಸ್ಟನ್ ಲೇಡೀಸ್' ಆಯಿತು. ಲಿಲಿ ಪಾರ್ ಮತ್ತು ಇತರ ಕೆಲವರು ಮಾನಸಿಕ ಆಸ್ಪತ್ರೆಯಲ್ಲಿ ದಾದಿಯರಾಗಿ ದುಡಿಯುತ್ತಲೇ ಆಡಿದರು. ಲಿಲಿ 1951ರವರೆಗೂ ಆಡಿದಳು. ಫ್ರಾಂಕ್‌ಲಂಡ್ 1957ರಲ್ಲಿ ತೀರಿಕೊಂಡ. ಆಡಲು ಹುಡುಗಿಯರು ಸಾಲದೆ 1965ರಲ್ಲಿ ತಂಡ ಮುಚ್ಚಿತು. ಒಟ್ಟು 828 ಪಂದ್ಯ. ಗೆಲುವು 758, ಸಮ 46, ಸೋಲು 24 ಎಂದು ದಾಖಲೆ ಇದೆ. ಆಟದಲ್ಲಿ ಇವರನ್ನು ಸೋಲಿಸಿದವರು ಅಷ್ಟೇ ಮಂದಿ.

ನಿಷೇಧ ತೆಗೆದದ್ದು 1971ರಲ್ಲಿ, ಐವತ್ತು ವರ್ಷಕ್ಕೆ. ಸಂಸ್ಥೆ ತಪ್ಪಾಯಿತು ಎಂದದ್ದು 2008ರಲ್ಲಿ. ಲಿಲಿ ಪಾರ್ 1978ರಲ್ಲೇ ತೀರಿಕೊಂಡಿದ್ದಳು. 2019ರಲ್ಲಿ ಮ್ಯಾಂಚೆಸ್ಟರಿನ ಫುಟ್‌ಬಾಲ್ ಸಂಗ್ರಹಾಲಯದಲ್ಲಿ ಆಕೆಯ ಪ್ರತಿಮೆ ನಿಲ್ಲಿಸಿದರು. ಸಂತೋಷವೇ. ಆದರೆ ಬದುಕಿದ್ದಾಗ ಅಂಗಳ ಕೊಡದೆ, ಸತ್ತ ಮೇಲೆ ಪೀಠ ಕೊಟ್ಟರೆ ನಡುವಿನ ಐವತ್ತು ವರ್ಷ ಆಡಬೇಕಾಗಿದ್ದ ಹುಡುಗಿಯರಿಗೆ ಏನು ಸಿಕ್ಕಿತು?

ಬಂಧುಗಳೇ, ಆ ತಂಡಕ್ಕೆ ಶಕ್ತಿ ಇತ್ತು, ಜನ ಇದ್ದರು, ಹಣವನ್ನೂ ಕೂಡಿಸಿತು. ಆದರೆ ಮೈದಾನ ಕ್ಲಬ್ಬುಗಳದು, ಹೆಸರು ಕಂಪೆನಿಯದು, ನಡೆಸುವ ಕೈ ಒಬ್ಬನದು. ಎರವಲು ಎತ್ತಿನಿಂದ ಬೇಸಾಯ ಮಾಡಿದವನ ಹಾಗಾಯಿತು. ಹದ ಬಂದ ದಿನವೇ ಎತ್ತಿನವನು ಹಗ್ಗ ಬಿಚ್ಚಿಕೊಂಡು ಹೋದ.

ಇದನ್ನು ಕೇಳಿ ಮನೆಗೆ ಹೋಗುವಾಗ ಒಂದು ವಿಚಾರ ಮಾಡಿ. ನಮ್ಮ ಊರಿನ ಮೈದಾನದ ಕೀಲಿ ಯಾರ ಕೈಲಿದೆ? ಸಂಜೆ ಎಷ್ಟು ಹೊತ್ತು ಅದು ನಮ್ಮ ಹೆಣ್ಣುಮಕ್ಕಳಿಗೆ ತೆರೆದಿರುತ್ತದೆ? ಸಂಘದ ಸಮಿತಿಯಲ್ಲಿ, ಲೆಕ್ಕದ ಪುಸ್ತಕದ ಮುಂದೆ, ಎಷ್ಟು ಹೆಂಗಸರು ಕುಳಿತಿದ್ದಾರೆ? ಬರುವ ವಾರ ಪುರಸಭೆಯವರ ಮುಂದೆ ಈ ಮೊದಲ ಎರಡು ಪ್ರಶ್ನೆಗಳನ್ನು ಇಡೋಣ. ಮೂರನೆಯದಕ್ಕೆ ಎಲ್ಲಿಗೂ ಹೋಗಬೇಕಾಗಿಲ್ಲ. ಅದರ ಉತ್ತರ ಈ ಕೋಣೆಯಲ್ಲೇ, ನಾವೇ ಕೊಡಬೇಕು.