ಕಾಲವನ್ನು ಹಿಡಿಯುವ ವಿಭಕ್ತಿ



ಶಾಲೆಯಲ್ಲಿ ಉರುಹೊಡೆದ ಏಳು ವಿಭಕ್ತಿಗಳ ಆಚೆಗೆ ಇನ್ನೊಂದಿದ್ದು, ಅದಕ್ಕೆ ಕಾಲವನ್ನೇ ಹಿಂದಕ್ಕೆ ತಿರುಗಿಸುವ ಮಾಂತ್ರಿಕ ಶಕ್ತಿಯಿದ್ದರೆ? ‘ಮನೆ’ ಎಂಬ ಪದಕ್ಕೆ ಆ ಪ್ರತ್ಯಯ ಹಚ್ಚಿದೊಡನೆ, ಎಂದೋ ಕೆಡವಿದ ಮನೆ ಮತ್ತೆ ಎದ್ದು ನಿಲ್ಲಬೇಕು! ಇದು ಕಥೆಗಾರನ ಕಲ್ಪನೆ. ಆದರೆ ಕನ್ನಡದಲ್ಲಿ ಕಾಲವನ್ನು ಹಿಡಿತದಲ್ಲಿಟ್ಟುಕೊಂಡ ವಿಭಕ್ತಿಗಳೂ ಇವೆ, ಪಂಡಿತರು ಕಲ್ಪಿಸಿಕೊಂಡ ವಿಭಕ್ತಿಯೂ ಒಂದಿದೆ.

ಮೊದಲನೆಯದಕ್ಕೆ ಉದಾಹರಣೆ ಹುಡುಕಲು ಮೈಸೂರಿನ ಅರಮನೆಯ ತನಕ ಹೋದರೆ ಸಾಕು. ಹಳೆಯ ಮರದ ಅರಮನೆ 1897ರಲ್ಲಿ ಬೆಂಕಿಗೆ ಆಹುತಿಯಾಯಿತು. ಹೆನ್ರಿ ಇರ್ವಿನ್ ಯೋಜಿಸಿದ ಹೊಸ ಅರಮನೆ 1912ಕ್ಕೆ ಮುಗಿಯಿತು. ಇದನ್ನೇ ಮೂರು ಬಗೆಯಲ್ಲಿ ಹೇಳಿ ನೋಡಬಹುದು. ‘ಹದಿನೈದು ವರ್ಷ ಕಟ್ಟಿದರು’ ಎಂದರೆ ಕೆಲಸ ನಡೆಯಿತು ಎಂದಷ್ಟೇ ಅರ್ಥ. ಮುಗಿಯಿತೋ ಇಲ್ಲವೋ ತಿಳಿಯದು. ‘ಹದಿನೈದು ವರ್ಷದಲ್ಲಿ ಕಟ್ಟಿದರು’ ಎಂದರೆ ಕೆಲಸ ಪೂರ್ತಿಯಾಯಿತು. ‘ಹದಿನೈದು ವರ್ಷದಿಂದ ಕಟ್ಟುತ್ತಿದ್ದಾರೆ’ ಎಂದರೆ ಇನ್ನೂ ಮುಗಿದಿಲ್ಲ; ಹೇಳುವವರ ದನಿಯಲ್ಲಿ ಬೇಸರವೂ ಇದ್ದೀತು. ಕಾಲದ ಅಳತೆ ಒಂದೇ. ಆ ಕಾಲ ಫಲ ಕೊಟ್ಟಿತೇ ಎಂಬುದರ ಸುಳಿವು ಮಾತ್ರ ಪ್ರತ್ಯಯದಲ್ಲಿದೆ.

ಈ ಸೂಕ್ಷ್ಮವನ್ನು ಪಾಣಿನಿ ಎರಡು ಸಾವಿರ ವರ್ಷಗಳಿಗೂ ಹಿಂದೆಯೇ ಗುರುತಿಸಿದ್ದ. ಸಂಸ್ಕೃತದಲ್ಲಿ ತಿಂಗಳು ಪೂರ್ತಿ ಓದಿದ ಎನ್ನಲು ‘ಮಾಸಮ್’ ಎಂಬ ದ್ವಿತೀಯಾ ಸಾಕು. ಓದಿದ್ದು ಕೈಗೆ ಹತ್ತಿತು ಎನ್ನಬೇಕಾದರೆ ‘ಮಾಸೇನ’ ಎಂಬ ತೃತೀಯಾ ಬರಬೇಕು. ಫಲಪ್ರಾಪ್ತಿಯ ಈ ಅರ್ಥವನ್ನು ವೈಯಾಕರಣರು ಅಪವರ್ಗವೆಂದು ಕರೆದರು. ಕನ್ನಡ ಅದೇ ಕೆಲಸವನ್ನು ‘ತಿಂಗಳಲ್ಲಿ’ ಎಂದು ಸಪ್ತಮಿಗೆ ವಹಿಸಿದೆ. ವಿಚಾರ ಒಂದೇ, ದಾರಿ ಬೇರೆ.

ಹೊರಜಗತ್ತಿನಲ್ಲೂ ಇಂಥ ಸೋಜಿಗಗಳಿವೆ. ‘ಐದು ಗಂಟೆಗೆ’ ಎಂದು ಕನ್ನಡ ಚತುರ್ಥಿಯಿಂದ ಸಾಧಿಸುವುದಕ್ಕೆ ಹಂಗೇರಿಯನ್ ಭಾಷೆ ‘ಕೋರ್’ ಎಂಬ ಪ್ರತ್ಯೇಕ ಪ್ರತ್ಯಯವನ್ನೇ ಇಟ್ಟುಕೊಂಡಿದೆ. ಪರಾಗ್ವೆಯ ಗ್ವಾರಾನಿ ಭಾಷೆಯಲ್ಲಂತೂ ಮನೆ ಎಂಬ ಪದಕ್ಕೆ ಒಂದು ಪ್ರತ್ಯಯ ಹಚ್ಚಿದರೆ ‘ಹಿಂದೆ ಮನೆಯಾಗಿದ್ದದ್ದು’, ಇನ್ನೊಂದು ಹಚ್ಚಿದರೆ ‘ಮುಂದೆ ಮನೆಯಾಗಲಿರುವುದು’ ಎಂದಾಗುತ್ತದೆ. ಅವು ವಿಭಕ್ತಿಗಳಲ್ಲ, ನಿಜ. ಆದರೂ ಕಥೆಗಾರನ ಕಲ್ಪನೆಗೆ ತೀರ ಹತ್ತಿರ. ಮಾಜಿ ಶಾಸಕ, ಭಾವೀ ಅಳಿಯ ಎನ್ನುವಾಗ ಕನ್ನಡಿಗರು ಇದನ್ನೇ ಬೇರೆ ಪದದಿಂದ ಮಾಡುತ್ತಾರೆ.

ಇನ್ನು ಕಲ್ಪಿತ ವಿಭಕ್ತಿಯ ಮಾತು. ಅದು ಪಂಚಮಿ. ಶಾಲೆಯ ಪಟ್ಟಿಯಲ್ಲಿ ತೃತೀಯೆಗೆ ‘ಇಂದ’, ಪಂಚಮಿಗೆ ‘ದೆಸೆಯಿಂದ’ ಎಂದಿರುತ್ತದೆ. ಆ ಪ್ರಕಾರ ‘ಮರದ ದೆಸೆಯಿಂದ ಹಣ್ಣು ಬಿತ್ತು’ ಎನ್ನಬೇಕು. ಹಾಗೆ ಹೇಳುವವರು ದೇವರಾಜ ಮಾರುಕಟ್ಟೆಯ ಯಾವ ಅಂಗಡಿಯಲ್ಲೂ ಸಿಕ್ಕರು. ಎಲ್ಲರಿಗೂ ಹಣ್ಣು ಬೀಳುವುದು ಮರದಿಂದಲೇ. ಕಾಲದ ಮುಂದೆಯಂತೂ ಈ ಪಂಚಮಿ ಪೂರಾ ಸೋಲುತ್ತದೆ. ‘ಬೆಳಿಗ್ಗೆಯಿಂದ ಕಾಯುತ್ತಿದ್ದೇನೆ’ ಎನ್ನುತ್ತಾರೆಯೇ ಹೊರತು ‘ಬೆಳಿಗ್ಗೆಯ ದೆಸೆಯಿಂದ’ ಎಂದು ಯಾರೂ ಕಾಯುವುದಿಲ್ಲ. ‘ಅವನ ದೆಸೆಯಿಂದ ಇಷ್ಟೆಲ್ಲ ಆಯಿತು’ ಎಂಬಲ್ಲಿ ದೆಸೆ ಜೀವಂತವಾಗಿದೆ. ಅಲ್ಲಿ ಅದು ಹೇಳುವುದು ಕಾರಣವನ್ನು, ಅಗಲಿಕೆಯನ್ನಲ್ಲ.

ಇದು ಹೇಗೆ ಬಂತು? ಸಂಸ್ಕೃತದ ಏಳು ಮನೆಗಳ ಪಟ್ಟಿಯನ್ನು ಕನ್ನಡಕ್ಕೂ ಹಾಸಿದಾಗ ಐದನೆಯ ಮನೆ ಖಾಲಿ ಉಳಿಯುವಂತಿತ್ತು. ಹದಿಮೂರನೆಯ ಶತಮಾನದ ಕೇಶಿರಾಜ ‘ಶಬ್ದಮಣಿದರ್ಪಣ’ದಲ್ಲಿ ಅಲ್ಲಿ ‘ಅತ್ತಣಿಂ’ ಮೊದಲಾದ ರೂಪಗಳನ್ನಿಟ್ಟ. ‘ಅತ್ತಣ’ ಎಂದರೆ ಆ ಕಡೆಯ. ಅದಕ್ಕೆ ಸೇರಿದ ‘ಇಂ’ ತೃತೀಯೆಯದೇ. ಹೊಸಗನ್ನಡದ ದೆಸೆಯಿಂದ ಎಂಬುದರ ಕಥೆಯೂ ಅಷ್ಟೆ: ದೆಸೆ ಎಂದರೆ ದಿಕ್ಕು, ಜೊತೆಗೆ ಹಳೆಯ ‘ಇಂದ’. ಕನ್ನಡವನ್ನು ಸಂಸ್ಕೃತದ ಅಚ್ಚಿಗೆ ಹೊಯ್ಯುವ ಇಂಥ ಕ್ರಮವನ್ನು ಭಾಷಾವಿಜ್ಞಾನಿ ಡಿ.ಎನ್. ಶಂಕರ ಭಟ್ಟರು ‘ಕನ್ನಡಕ್ಕೆ ಬೇಕು ಕನ್ನಡದ್ದೇ ವ್ಯಾಕರಣ’ ಎಂಬ ಪುಸ್ತಕದಲ್ಲಿ ಪ್ರಶ್ನಿಸಿದರು.

ಏಳರ ಪಟ್ಟಿ ನಿಷ್ಪ್ರಯೋಜಕವೇನಲ್ಲ. ಸಂಸ್ಕೃತ ಕಲಿಯುವವರಿಗೆ, ಹಳೆಯ ಕಾವ್ಯ ಓದುವವರಿಗೆ ಅದು ಬೇಕು. ತೊಂದರೆಯಾಗುವುದು ಮಗುವಿಗೆ. ಪಂಚಮಿಗೆ ‘ಮರದಿಂದ’ ಎಂದು ಬರೆದ ಮಗುವಿನ ಉತ್ತರಕ್ಕೆ ಕೆಂಪು ಗೆರೆ ಬಿದ್ದರೆ, ಅದು ಕಲಿಯುವ ಪಾಠ ಪಂಚಮಿಯದಲ್ಲ. ಮನೆಯಲ್ಲಿ ಅಮ್ಮ ಆಡುವ ಮಾತು ತಪ್ಪು ಎಂಬ ಪಾಠ. ಅದೇ ಮಗು ‘ಒಂದು ದಿನ ಓದಿದೆ’ ಎನ್ನುವುದಕ್ಕೂ ‘ಒಂದೇ ದಿನದಲ್ಲಿ ಓದಿದೆ’ ಎಂದು ಬೀಗುವುದಕ್ಕೂ ಇರುವ ಅಂತರವನ್ನು ಯಾರೂ ಹೇಳಿಕೊಡದೆಯೇ ಬಲ್ಲದು. ಪಾಣಿನಿ ಸೂತ್ರ ಕಟ್ಟಿ ಹೇಳಿದ್ದನ್ನು ಅದು ಅಂಗಳದಲ್ಲೇ ಕಲಿತುಬಂದಿದೆ. ವ್ಯಾಕರಣದ ತರಗತಿ ಅಲ್ಲಿಂದ ಶುರುವಾಗಲಿ. ಪಟ್ಟಿ ಆಮೇಲೆ ಬರಲಿ.